ಪಾಸ್ಕಾಲ್ ಓಜಿಯೆ ಸಜ್ಜುಗೊಳಿಸಿದ ಕೋಣೆ

ಪ್ಯಾರಿಸ್‌ನ ಪೂರ್ವಕ್ಕಿರುವ ಮಾರ್ನ್-ಲಾ-ವಲ್ಲೆಯಲ್ಲಿ ನಾನು ಬಾಡಿಗೆಗಿದ್ದ ದಿನಗಳಲ್ಲಿ, ಒಂದು ಶನಿವಾರ ಸಂಜೆ ಪ್ಯಾರಿಸ್‌ನ ಲ್ಯಾಟಿನ್ ಕ್ವಾರ್ಟರ್ ಬಡಾವಣೆಯ ಪುಟ್ಟ ಚಿತ್ರಮಂದಿರವೊಂದರಲ್ಲಿ ಫ್ರೆಂಚ್ ನಿರ್ದೇಶಕ ಎರಿಕ್ ರೋಮರ್ ಅವರ 1984ರ ಚಿತ್ರ ‘ಹುಣ್ಣಿಮೆಯ ರಾತ್ರಿಗಳು’ ನೋಡಿದೆ. ಕಥಾನಾಯಕಿ ಲೂಯಿಸ್ ನಾನಿದ್ದ ಊರಿನವಳೇ ಎಂದು ಗೆಳೆಯರೊಬ್ಬರು ಹೇಳಿದ್ದೇ ಹೋಗಲು ಕಾರಣ. ಹೊಸ ಬಡಾವಣೆಯ ಮನೆಯಲ್ಲಿ ಪ್ರಿಯಕರನೊಂದಿಗೆ ವಾಸಿಸುವ ಆಕೆ, ಒಬ್ಬಳೇ ಇರಬೇಕೆನಿಸುವ ರಾತ್ರಿಗಳಿಗೆಂದು ಪ್ಯಾರಿಸ್‌ನಲ್ಲಿ ತನ್ನದೊಂದು ಕೋಣೆಯನ್ನು ಅಣಿಗೊಳಿಸಿಕೊಳ್ಳುತ್ತಾಳೆ. ನನ್ನ ಫ್ರೆಂಚ್ ಆಗ ಅಷ್ಟಕ್ಕಷ್ಟೇ ಇದ್ದುದರಿಂದ, ಮಾತುಗಳನ್ನು ಹಿಂಬಾಲಿಸುವುದರಲ್ಲೇ ಚಿತ್ರ ಮುಗಿದುಹೋಯಿತು. ಕಿವಿಯಲ್ಲಿ ಉಳಿದದ್ದು ನಾಯಕಿಯ ಎಳೆಯ, ತೆಳುವಾದ ದನಿ ಮಾತ್ರ.

ಮಂದಿರದ ಬಾಗಿಲಲ್ಲಿ ಕೊಟ್ಟಿದ್ದ ಹಾಳೆಯನ್ನು ಊರಿಗೆ ಮರಳುವ ರೈಲಿನಲ್ಲಿ ಬಿಡಿಸಿ ಓದಿದೆ. ಆ ನಟಿ ಪಾಸ್ಕಾಲ್ ಓಜಿಯೆ, ಹೆಸರಾಂತ ನಟಿ ಬ್ಯೂಲ್ ಓಜಿಯೆ ಅವರ ಮಗಳು. 1981ರಲ್ಲಿ ನಿರ್ದೇಶಕ ಜಾಕ್ ರಿವೆಟ್ ಅವರ ಚಿತ್ರವೊಂದರಲ್ಲಿ ತಾಯಿಯ ಜೊತೆ ನಟಿಸಿದ್ದಲ್ಲದೆ ಅದರ ಬರವಣಿಗೆಯಲ್ಲೂ ಪಾಲುಗೊಂಡಿದ್ದರು. ಲೂಯಿಸ್ ಪಾತ್ರಕ್ಕೆ 1984ರ ವೆನಿಸ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಬಂತು. ಎರಡು ತಿಂಗಳು ತುಂಬುವ ಮೊದಲೇ, ಅಕ್ಟೋಬರ್ 25ರಂದು, 26ನೆಯ ಹುಟ್ಟುಹಬ್ಬದ ಹಿಂದಿನ ದಿನ, ಹೃದಯಾಘಾತದಿಂದ ತೀರಿಕೊಂಡರು. ಈ ಸಾಲನ್ನು ಎರಡು ಸಲ ಓದಿದೆ. ಹಾಳೆಯ ಕೆಳಗೆ ಇನ್ನೊಂದು ಮಾತಿತ್ತು: ಚಿತ್ರದ ಒಳಾಂಗಣ ವಿನ್ಯಾಸವೂ ಅವರದೇ.

ಈ ಒಂದು ಮಾತು ನಾನು ನೋಡಿದ್ದನ್ನೆಲ್ಲ ಬದಲಿಸಿತು. ಒಳಾಂಗಣ ವಿನ್ಯಾಸ ಕಲಿಯುತ್ತಿರುವ ಲೂಯಿಸ್ ತನಗಾಗಿ ಕಟ್ಟಿಕೊಂಡ ಕೋಣೆ ಅಕ್ಷರಶಃ ಪಾಸ್ಕಾಲ್ ಅವರ ಕೈಕೆಲಸವಾಗಿತ್ತು. ಕೆಲವೇ ವರ್ಷಗಳ ವೃತ್ತಿಜೀವನವೆಂದು ಮರುಗುವವರು ಈ ಕೆಲಸವನ್ನು ಲೆಕ್ಕಕ್ಕೆ ತೆಗೆದುಕೊಳ್ಳುವುದೇ ಇಲ್ಲವೆಂಬುದು ನನಗೆ ಇಂದಿಗೂ ನೋವಿನ ಸಂಗತಿ.

ಭಾನುವಾರ ಮಧ್ಯಾಹ್ನ ಅದೇ ಚಿತ್ರದ ಇನ್ನೊಂದು ಪ್ರದರ್ಶನವಿತ್ತು. ಮತ್ತೆ ಹೋಗಿ ಮುಂದಿನ ಸಾಲಿನಲ್ಲಿ ಕುಳಿತೆ. ಈ ಸಲ ಮಾತುಗಳನ್ನು ಬಿಟ್ಟು ಗೋಡೆಗಳ ಬೂದುಬಣ್ಣವನ್ನು, ದೀಪದ ಬೆಳಕು ಬೀಳುವ ಮೂಲೆಗಳನ್ನು ನೋಡಿದೆ. ಒಂಟಿಯಾಗಿರುವ ರಾತ್ರಿ ಲೂಯಿಸ್ ಗೆಳೆಯರಿಗೆಲ್ಲ ಫೋನ್ ಮಾಡುತ್ತಾಳೆ, ಯಾರಿಗೂ ಬಿಡುವಿಲ್ಲ. ಕೊನೆಗೆ ಪುಸ್ತಕ ಹಿಡಿದು ಹಾಸಿಗೆ ಸೇರುತ್ತಾಳೆ. ಹಿಂದಿನ ಸಂಜೆ ಆ ದೃಶ್ಯ ಬರೀ ಬೇಸರವೆನಿಸಿತ್ತು. ಈಗ ಕಂಡದ್ದು, ತಾನೇ ಆರಿಸಿದ ವಸ್ತುಗಳ ನಡುವೆ ಮಲಗಿ ಓದುತ್ತಿದ್ದ ಇಪ್ಪತ್ತೈದರ ಯುವತಿ.