ಇನ್ನೊಂದ್ಸಲ

ಕಂಠೀರವ ಸ್ಟೇಡಿಯಂನ ಕ್ಲೈಂಬಿಂಗ್ ಗೋಡೆ ಮೇಲೆ ನೇತಾಡುತ್ತಿದ್ದಾಗ ನನ್ನ ಉಂಗುರ ಬೆರಳೊಳಗೆ 'ಟಪ್' ಅಂತ ಸದ್ದಾಯಿತು. ಬೆರಳ ಮೂಳೆಗೆ ಸ್ನಾಯುವಿನ ಹುರಿಯನ್ನು ಒತ್ತಿ ಹಿಡಿಯುವ ಪಟ್ಟಿ ಹರಿದಿತ್ತು. ಬಂಡೆ ಹತ್ತುವವರಲ್ಲಿ ಇದು ಮಾಮೂಲು ಪೆಟ್ಟು. ಬೆರಳು ವಾಸಿಯಾಯಿತು, ಸಣ್ಣ ಅಂಚು ಹಿಡಿದು ತೂಗುವ ಧೈರ್ಯ ಮಾತ್ರ ಮರಳಲಿಲ್ಲ. ಕ್ಯಾಮೆರಾ ಹಿಡಿದೆ. ಹಗ್ಗವಿಲ್ಲದೆ ಹತ್ತುವವರ ಬಗ್ಗೆ ಸಾಕ್ಷ್ಯಚಿತ್ರ ಮಾಡೋಣವೆಂದು ಬಾದಾಮಿಗೆ ಹೋದೆ.

ಬಾದಾಮಿಯ ಕೆಂಪು ಮರಳುಗಲ್ಲು ನಮ್ಮಂಥವರಿಗೆ ಹಬ್ಬ. ಅಡ್ಡಡ್ಡ ಪದರ, ಬೆರಳು ಕೂರಲೆಂದೇ ಮಾಡಿದಂಥ ಅಂಚುಗಳು. ರಾಮನಗರದ ಗ್ರಾನೈಟ್‌ನಂತೆ ಚರ್ಮ ಸುಲಿಯುವುದಿಲ್ಲ. ಆದರೆ ಮಳೆ ಬಿದ್ದ ಮೇಲೆ ಅದನ್ನು ನಂಬಬಾರದು. ಮರಳುಗಲ್ಲು ನೀರು ಕುಡಿಯುತ್ತದೆ. ಮೇಲೆ ಒಣಗಿದಂತೆ ಕಂಡರೂ ಒಳಗೆ ಹಸಿ ಇರುತ್ತದೆ, ಮೊನ್ನೆ ಮೈಭಾರ ತಡೆದ ಅಂಚು ಇವತ್ತು ಕೈಗೇ ಕಿತ್ತು ಬರುತ್ತದೆ. ಎಷ್ಟು ಜನ ಹೊಸಬರಿಗೆ ನಾನೇ ಇದನ್ನು ಹೇಳಿದ್ದೇನೋ.

ಆ ರಾತ್ರಿ ಮಳೆ ಬಂತು. ಹೋಟೆಲ್ ಜಗುಲಿಯಲ್ಲಿ ಕೂತು, ನನ್ನ ಚಿತ್ರಕ್ಕಾಗಿ ಹಗ್ಗವಿಲ್ಲದೆ ಹತ್ತಲಿದ್ದ ಹುಡುಗನಿಗೆ ಅಮೆರಿಕದ ಎಲ್ ಕ್ಯಾಪಿಟನ್ ಬಂಡೆಯ ಕತೆ ಹೇಳಿದೆ. 2017ರ ಜೂನ್ 3ರಂದು ಅಲೆಕ್ಸ್ ಹಾನಲ್ಡ್ ಸುಮಾರು 3,000 ಅಡಿಯ ಆ ಗೋಡೆಯನ್ನು ಹಗ್ಗವಿಲ್ಲದೆ 4 ಗಂಟೆಯೊಳಗೆ ಹತ್ತಿದ್ದು; ಚಿತ್ರೀಕರಿಸಿದ ಜಿಮ್ಮಿ ಚಿನ್ ತಾನೇ ಪಳಗಿದ ಆರೋಹಿ; ಅತಿ ಕಷ್ಟದ ಜಾಗದಲ್ಲಿ ಮನುಷ್ಯರ ಬದಲು ದೂರದಿಂದ ನಡೆಸುವ ಕ್ಯಾಮೆರಾ ಇಟ್ಟದ್ದು; ಕೆಳಗಿದ್ದ ಕ್ಯಾಮೆರಾದವನೊಬ್ಬ ನೋಡಲಾರದೆ ಮುಖ ತಿರುಗಿಸಿದ್ದು. ನಮ್ಮ ಕ್ಯಾಮೆರಾದಿಂದಲೇ ಅವನು ಬಿದ್ದರೆ ಎಂಬ ಭಯ ಆ ತಂಡವನ್ನು ಕಾಡಿತ್ತು. ಹುಡುಗ ಎಲ್ಲ ಕೇಳಿ, "ಮ್ಯಾಲೆ ಹ್ವಾದ ಮ್ಯಾಲೆ ಕೆಳಗ ಹ್ಯಾಂಗ ಇಳದ್ನ್ರಿ?" ಅಂದ. ನನ್ನ ಕತೆಯ ಸಾರವೆಲ್ಲ ಅಲ್ಲಿಗೆ ಮುಗಿಯಿತು.

ಮರುದಿನ ಸಂಜೆ, ಊರಾಚೆಯ ಸುಮಾರು 30 ಅಡಿ ಗೋಡೆ. ಅವನು ಚಕಚಕ ಹತ್ತಿ, ಪಕ್ಕದ ಬಿರುಕಿನಲ್ಲಿ ಇಳಿದು ಬಂದ. ಅಷ್ಟರಲ್ಲಿ ಮೋಡ ಸರಿದು, ಕಲ್ಲಿಗೆ ಕೆಂಡದ ಬಣ್ಣ ಬಂತು. ನಾನು ಕಣ್ಣು ಕೀಳದೆ ಅಂದೆ: "ಇನ್ನೊಂದ್ಸಲ."

ಹತ್ತಿದ. ಅರ್ಧದಲ್ಲಿ ಬಲಗಾಲಿಟ್ಟ ಅಂಚು ಮುರಿಯಿತು. ಒಣ ರೊಟ್ಟಿ ಮುರಿದಷ್ಟೇ ಸದ್ದು. ಕೈಯೆರಡು ಕಚ್ಚಿಕೊಂಡಿದ್ದವು, ಕಾಲು ಗಾಳಿಯಲ್ಲಿ ಒಮ್ಮೆ ಜೀಕಿ ಮತ್ತೆ ಕಲ್ಲು ಸೇರಿತು. ಮೇಲೆ ಹೋಗಿ ಕೂತ. ನಾನು ಫೋಕಸ್ ಬಿಟ್ಟಿರಲಿಲ್ಲ. ಅಷ್ಟು ಹೊತ್ತೂ ಫೋಕಸ್ ಬಿಟ್ಟಿರಲಿಲ್ಲ ಅನ್ನುವುದು ಈಗಲೂ ನನಗೆ ವಾಕರಿಕೆ ತರುತ್ತದೆ.

ಬಿದ್ದ ತುಂಡನ್ನು ಎತ್ತಿಕೊಂಡೆ. ಅಂಗೈಯಗಲ. ಮುರಿದ ಬದಿ ಕಪ್ಪಗಿತ್ತು, ತಣ್ಣಗಿತ್ತು, ಹೆಬ್ಬೆರಳಲ್ಲಿ ಉಜ್ಜಿದರೆ ಮರಳು ಉದುರಿತು.

"ಹಸಿ ಇತ್ತಲ್ಲೋ," ಅಂದೆ, ಅವನೇ ತಪ್ಪು ಮಾಡಿದವನಂತೆ.

"ಗೊತ್ತಿತ್ರಿ ಅಣ್ಣಾರ. ಒಬ್ಬನಽ ಇದ್ರ ನಾ ಅಲ್ಲಿ ಕಾಲ ಇಡ್ತಿದ್ದಿಲ್ರಿ." ಆಮೇಲೆ ಕ್ಯಾಮೆರಾದತ್ತ ಬಗ್ಗಿ, "ಚಲೋ ಬಂದೈತಿಲ್ರಿ?"

ಬೆಂಗಳೂರಿಗೆ ಬಂದು ಎಡಿಟಿಂಗ್‌ಗೆ ಕೂತಾಗ ಆ ದೃಶ್ಯದ ಮೊದಲಿಗೆ ನನ್ನ ದನಿ ಸ್ಪಷ್ಟವಾಗಿ ಕೇಳಿತು. ಗೆಳೆಯ ಅದನ್ನು ಅಳಿಸಲು ಕೈ ಚಾಚಿದ. ಬೇಡ, ಇರಲಿ ಅಂದೆ.