ಫೋಲ್ಸಮ್‌ಗೆ ಕಾರು ಬೇಡ, ರೈಲಿನಲ್ಲೇ ಹೋಗಿ

ಕ್ಯಾಲಿಫೋರ್ನಿಯಾದ ರಾಜಧಾನಿ ಸ್ಯಾಕ್ರಮೆಂಟೊದಲ್ಲಿ ಅಪ್ಪನ ಜೊತೆ ತಂಗಿದ್ದಾಗ ಹತ್ತಿರದ ಊರಾದ ಫೋಲ್ಸಮ್‌ಗೆ ಹೋಗುವ ದಾರಿ ಕೇಳಿದೆವು. ಹೋಟೆಲಿನವರು, ಅಲ್ಲಿಗೆ ರೈಲಿನ ಅನುಕೂಲವಿಲ್ಲ, ವಯಸ್ಸಾದವರನ್ನು ಕರೆದುಕೊಂಡು ಕಷ್ಟಪಡಬೇಡಿ ಎಂದು ಹೇಳಿ ತಾವೇ ಒಂದು ಕಾರು ಗೊತ್ತುಮಾಡಿದರು. ಹೋಗುವುದಕ್ಕೆ ಮಾತ್ರ 75 ಡಾಲರ್ ತೆಗೆದುಕೊಂಡರು. ಕಾರು ನಮ್ಮನ್ನು ಇಳಿಸಿದ್ದು ಸ್ಯಾಕ್ರಮೆಂಟೊದಿಂದ ಬರುವ ಲೈಟ್ ರೈಲಿನ (ನಗರದ ವಿದ್ಯುತ್ ರೈಲು) ಕೊನೆಯ ನಿಲ್ದಾಣದ ಎದುರಿಗೇ. ಅಲ್ಲಿನ ಟಿಕೆಟ್ ಯಂತ್ರದಲ್ಲಿ ಸ್ಯಾಕ್ರಮೆಂಟೊವರೆಗಿನ ದರ ಎರಡೂವರೆ ಡಾಲರ್, ಹಿರಿಯರಿಗೆ ಅದರ ಅರ್ಧ ಎಂದಿತ್ತು. ನನ್ನ ಹೊಟ್ಟೆ ಉರಿದುಹೋಯಿತು. ಫೋಲ್ಸಮ್‌ನ ಇಂಟೆಲ್‌ನಲ್ಲಿ ಕೆಲಸಮಾಡುವ ಮಕ್ಕಳ ಮನೆಗೆ ಬರುವ ನಮ್ಮ ಕಡೆಯ ತಂದೆತಾಯಂದಿರು ಸಾಕಷ್ಟಿರುವುದರಿಂದ ಇದನ್ನು ಬರೆಯುತ್ತಿದ್ದೇನೆ.

ಅರಸೀಕೆರೆಯ ಲೋಕೋ ಶೆಡ್ಡಿನಲ್ಲಿ ದುಡಿದು ನಿವೃತ್ತರಾದ ಅಪ್ಪ ಮಾತ್ರ ದುಡ್ಡಿನ ವಿಷಯ ಎತ್ತಲಿಲ್ಲ. ಪ್ಲಾಟ್‌ಫಾರ್ಮಿನ ತುದಿಗೆ ಹೋಗಿ ಹಳಿ ಬಂದ ದಿಕ್ಕನ್ನು ಬಹಳ ಹೊತ್ತು ನೋಡಿ, "ಇದು ಹೊಸ ಲೈನಲ್ಲಮ್ಮ. ಹೊಸದಾಗಿದ್ದರೆ ಹೀಗೆ ಊರಿನ ಮಧ್ಯಕ್ಕೆ ಬರುವುದಕ್ಕೆ ಯಾರೂ ಜಾಗ ಬಿಡುತ್ತಿರಲಿಲ್ಲ. ಮೊದಲು ಲೈನು, ಆಮೇಲೆ ಊರು" ಎಂದರು.

ಅವರ ಲೆಕ್ಕ ತಪ್ಪಿರಲಿಲ್ಲ. ಲೈಟ್ ರೈಲು ಫೋಲ್ಸಮ್ ತಲುಪಿದ್ದು 2005ರ ಅಕ್ಟೋಬರಿನಲ್ಲಿ. ಆದರೆ ಸ್ಯಾಕ್ರಮೆಂಟೊ ವ್ಯಾಲಿ ರೈಲ್‌ರೋಡ್ ಇಲ್ಲಿಗೆ ಮೊದಲ ರೈಲು ಓಡಿಸಿದ್ದು 1856ರ ಫೆಬ್ರವರಿ 22ರಂದು, ಅಂದರೆ ಮುಂಬಯಿ-ಠಾಣೆ ರೈಲು ಶುರುವಾಗಿ ಮೂರು ವರ್ಷ ತುಂಬುವ ಮೊದಲೇ. ಬೆಂಗಳೂರಿಗೆ ರೈಲು ಬರಲು ಇನ್ನೂ ಎಂಟು ವರ್ಷವಿತ್ತು. ಚಿನ್ನದ ಗಣಿಗಳ ಕಡೆಗೆ ಜನರನ್ನೂ ಸರಕನ್ನೂ ಸಾಗಿಸಲು ಸುಮಾರು 36 ಕಿಲೋಮೀಟರ್ ಹಾಕಿದ ಈ ದಾರಿಗೆ ಬೇಕಾದ ಹಳಿಗಳು ಅಮೆರಿಕದ ಪೂರ್ವ ತೀರದಿಂದ ಹಡಗಿನಲ್ಲಿ, ದಕ್ಷಿಣ ಅಮೆರಿಕದ ತುದಿಯನ್ನು ಸುತ್ತಿ ಬಂದವು. ದಾರಿ ಅಳೆದ ಇಂಜಿನಿಯರ್ ಥಿಯೊಡೋರ್ ಜುಡಾ ಅವರೇ ಊರಿನ ಬೀದಿಗಳನ್ನೂ ಗುರುತುಹಾಕಿದರು. ಊರಿಗೆ ಹೆಸರು ಕೊಟ್ಟ ಜಮೀನಿನ ಒಡೆಯ ಜೋಸೆಫ್ ಫೋಲ್ಸಮ್ ಅವರು ರೈಲು ಬರುವ ಮೊದಲೇ, 1855ರಲ್ಲಿ ತೀರಿಕೊಂಡರು. ಮುಂದೆ ಸಿಯೆರಾ ನೆವಾಡಾ ಪರ್ವತ ದಾಟುವ ದಾರಿಯನ್ನು ಹುಡುಕಿಕೊಟ್ಟ ಜುಡಾ ಅವರೂ ಅಮೆರಿಕವನ್ನು ಅಡ್ಡ ದಾಟುವ ರೈಲುದಾರಿ 1869ರಲ್ಲಿ ಪೂರ್ತಿಯಾದದ್ದನ್ನು ನೋಡಲಿಲ್ಲ. ಅವರು 1863ರಲ್ಲೇ ಜ್ವರದಿಂದ ತೀರಿಹೋಗಿದ್ದರು. 1860-61ರಲ್ಲಿ ಕುದುರೆ ಸವಾರರು ಮಿಸೌರಿಯಿಂದ ತರುತ್ತಿದ್ದ ಪೋನಿ ಎಕ್ಸ್‌ಪ್ರೆಸ್ ಟಪಾಲು ಸುಮಾರು ಒಂದು ವರ್ಷ ಇಲ್ಲಿಯೇ ರೈಲಿಗೆ ಏರುತ್ತಿತ್ತು.

ನಿಲ್ದಾಣದಿಂದ ಕೆಲವೇ ಹೆಜ್ಜೆಗೆ 1906ರಲ್ಲಿ ಸದರ್ನ್ ಪೆಸಿಫಿಕ್ ಕಟ್ಟಿದ ಮರದ ಸ್ಟೇಷನ್ನೂ ಇಂಜಿನ್ ತಿರುಗಿಸುವ ಟರ್ನ್‌ಟೇಬಲ್ಲೂ ಇವೆ. ಟರ್ನ್‌ಟೇಬಲ್ ಮೂಲದ್ದಲ್ಲ, ಹಳೆಯ ಜಾಗದಲ್ಲಿ ಹಳೆಯ ರೀತಿಯಲ್ಲೇ ಮತ್ತೆ ಕಟ್ಟಿದ್ದು. ಗುಂಡಿಯ ನಡುವೆ ಎತ್ತರದ ಮರದ ಚೌಕಟ್ಟು ನಿಂತಿದೆ. ಅದರ ತಲೆಯಿಂದ ಎರಡು ಬದಿಗೂ ಇಳಿದ ಕಬ್ಬಿಣದ ಸರಳುಗಳು ಹಳಿ ಕೂರಿಸಿದ ತೊಲೆಗಳನ್ನು ಎತ್ತಿ ಹಿಡಿದಿವೆ. ಇಂಜಿನ್ನನ್ನು ಸರಿಯಾಗಿ ಮಧ್ಯದಲ್ಲಿ ನಿಲ್ಲಿಸಿದರೆ ಇಬ್ಬರೇ ತಳ್ಳಿ ತಿರುಗಿಸಬಹುದು, ಒಂದು ಗೇಣು ಆಚೀಚೆಯಾದರೆ ಹತ್ತು ಜನರಿಗೂ ಜಗ್ಗುವುದಿಲ್ಲ ಎಂದು ಅಪ್ಪ ಎರಡು ಅಂಗೈಗಳನ್ನೂ ಮುಂದೆ ಚಾಚಿ ತೋರಿಸಿಕೊಟ್ಟರು. ಫಲಕಗಳಲ್ಲಿ ನನಗೆ ಸಿಗದ ವಿಷಯ ಅದು. ಮನೆಯಲ್ಲಿ ರೈಲ್ವೆಯವರಿದ್ದರೆ ಖಂಡಿತ ಜೊತೆಗೆ ಕರೆತನ್ನಿ.

ಊಟಕ್ಕೆ ಸಟ್ಟರ್ ಸ್ಟ್ರೀಟಿನ ಅಲಂಕಾರದ ಹೋಟೆಲುಗಳ ಮುಂದೆ ಸಾಲು ನಿಲ್ಲಬೇಡಿ. ನನಗೆ ಗದ್ದಲ ಸ್ವಲ್ಪವೂ ಆಗುವುದಿಲ್ಲ, ಅಲ್ಲಿನ ಬೆಲೆಯೂ ಹಾಗೆಯೇ ಇತ್ತು. ಸ್ವಲ್ಪ ನಡೆದು ಹೋದರೆ ನಾಲ್ಕೇ ಮೇಜುಗಳ ಒಂದು ಮೆಕ್ಸಿಕನ್ ತಿಂಡಿಯಂಗಡಿ ಸಿಗುತ್ತದೆ. ಒಬ್ಬ ಹೆಂಗಸು ಮೆಕ್ಕೆಜೋಳದ ಹಿಟ್ಟಿನ ಉಂಡೆಯನ್ನು ಒತ್ತಿ, ಕಾವಲಿಯ ಮೇಲೆ ಹಾಕಿ, ಅಂಚು ಉಬ್ಬಿದ ತಕ್ಷಣ ಬರಿಗೈಯಲ್ಲೇ ಮಗುಚುತ್ತಿದ್ದರು. ಮೇಲೆ ಬೇಯಿಸಿದ ಕಪ್ಪು ಅವರೆಯಂಥ ಕಾಳು, ಹೆಚ್ಚಿದ ಈರುಳ್ಳಿ, ಕೊತ್ತಂಬರಿ, ಹುರಿದ ಮೆಣಸಿನಕಾಯಿಯ ಹುಳಿಚಟ್ನಿ. ಮಾಂಸ ಬೇಡ, ಹಂದಿಯ ಕೊಬ್ಬು ಹಾಕಿದ ಕಾಳೂ ಬೇಡ ಎಂದು ಮೊದಲೇ ಹೇಳಿದ್ದಕ್ಕೆ ಅವರು ಬೇಸರಿಸದೆ ಬೇರೆ ಪಾತ್ರೆಯದನ್ನು ಬಡಿಸಿದರು. ಒಂದು ವಾರದಿಂದ ಬ್ರೆಡ್ಡು ತಿಂದು ಸೋತಿದ್ದ ಅಪ್ಪ ಬಿಸಿಬಿಸಿಯಾದ ಐದು ತಿಂದು, ರೊಟ್ಟಿ ತಿಂದ ಹಾಗಾಯಿತು ಎಂದರು. ಇಬ್ಬರಿಗೂ ಸೇರಿ 20 ಡಾಲರ್ ಮುಟ್ಟಲಿಲ್ಲ.

ಸಮಯ ಉಳಿದರೆ ನದಿಯ ಕಡೆಯ ಹಳೆಯ ವಿದ್ಯುದಾಗಾರಕ್ಕೂ ಹೋಗಿ. 1895ರಲ್ಲಿ ಅಲ್ಲಿಂದ ಸ್ಯಾಕ್ರಮೆಂಟೊಗೆ ವಿದ್ಯುತ್ ಹರಿಸಿದ್ದು ಜನರಲ್ ಎಲೆಕ್ಟ್ರಿಕ್ ಕಂಪನಿಯ ಯಂತ್ರಗಳು; ಏಳು ವರ್ಷದ ನಂತರ ಶಿವನಸಮುದ್ರದಿಂದ ಕೋಲಾರದ ಚಿನ್ನದ ಗಣಿಗೆ ವಿದ್ಯುತ್ ಕಳಿಸಿದ ಯಂತ್ರಗಳೂ ಅದೇ ಕಂಪನಿಯವು. ಬೇಸಿಗೆಯಲ್ಲಾದರೆ ಹನ್ನೊಂದು ಗಂಟೆಯೊಳಗೆ ಸುತ್ತಾಟ ಮುಗಿಸಬೇಕು, ಆಮೇಲೆ ಬಿಸಿಲು ರಾಯಚೂರಿನದ್ದೇ.

ವಾಪಸು ಬಂದದ್ದು ರೈಲಿನಲ್ಲೇ. ಸುಮಾರು ಒಂದು ಗಂಟೆಯ ಪ್ರಯಾಣ. ಬಹುದೂರ ಫೋಲ್ಸಮ್ ಬುಲೆವಾರ್ಡ್ ಪಕ್ಕದಲ್ಲೇ ಸಾಗಿ, ನಗರದೊಳಗೆ ಆರ್ ಸ್ಟ್ರೀಟ್ ಹಿಡಿಯುವಾಗಲೂ ರೈಲು ಹೆಚ್ಚುಕಡಿಮೆ ಜುಡಾ ಅವರ ಜಾಡಿನಲ್ಲೇ ಇರುತ್ತದೆ. ಟಿಕೆಟ್ಟನ್ನು ಹತ್ತುವ ಮೊದಲೇ ಕೊಳ್ಳಬೇಕು. ಗೇಟುಗಳಿಲ್ಲ, ತಪಾಸಣೆಯವರು ಒಳಗೇ ಬರುತ್ತಾರೆ. ರೈಲಿನಲ್ಲಿ ಶೌಚಾಲಯವಿಲ್ಲವಾದ್ದರಿಂದ ಹಿರಿಯರಿಗೆ ಮೊದಲೇ ತಿಳಿಸಿಡಿ. ಹಳೆಯ ಬೋಗಿ ಬಂದರೆ ಮೆಟ್ಟಿಲುಗಳು ಕಡಿದಾಗಿರುತ್ತವೆ, ಮಂಡಿನೋವಿನವರು ಪ್ಲಾಟ್‌ಫಾರ್ಮಿನ ಇಳಿಜಾರು ಕಟ್ಟೆಯ ಬಳಿ, ಮೊದಲ ಬಾಗಿಲಿನಲ್ಲಿ ಹತ್ತಬೇಕು. ಸಂಜೆಯ ಕೊನೆಯ ರೈಲು ಎಷ್ಟು ಹೊತ್ತಿಗೆಂದು ಬೆಳಿಗ್ಗೆಯೇ ನೋಡಿಟ್ಟುಕೊಳ್ಳಿ. ಅದು ತಪ್ಪಿದರೆ ಮತ್ತೆ ಕಾರಿನವರ ಕೈಗೇ ಬೀಳುತ್ತೀರಿ.