ಬುರಾಡಿ ಬಯಲಿನಲ್ಲಿ ದರ್ಬಾರಿನ ಕ್ಯಾಮೆರಾ ಜಾಡು

ದೆಹಲಿ ಮೆಟ್ರೊದ ಹಳದಿ ಮಾರ್ಗದಲ್ಲಿ ಜಿಟಿಬಿ ನಗರದಲ್ಲಿಳಿದು ಬುರಾಡಿ ಕಡೆಗೆ ಆಟೊ ಹಿಡಿದರೆ ಕಾರೋನೇಷನ್ ಪಾರ್ಕ್ ದೂರವೇನಲ್ಲ. ಒಳಗೆ ಸ್ಮಾರಕ ಕಂಬವೊಂದಿದೆ. ಇಂಡಿಯಾ ಗೇಟ್ ಬಳಿಯ ಮಂಟಪದಿಂದ ಎತ್ತಿ ತಂದ ಐದನೇ ಜಾರ್ಜ್‌ನ ಪ್ರತಿಮೆಯೂ ಇದೆ. ಪ್ರತಿಮೆಗಳಿಗೆ ಹತ್ತು ನಿಮಿಷ ಸಾಕು, ನೋಡಬೇಕಾದ್ದು ಬಯಲನ್ನು. 1911ರ ಡಿಸೆಂಬರ್ 12ರಂದು ಬ್ರಿಟನ್ನಿನ ದೊರೆಯಾದ ಇದೇ ಜಾರ್ಜ್‌ನನ್ನು ಭಾರತದ ಚಕ್ರವರ್ತಿಯೆಂದು ಸಾರಿದ ದರ್ಬಾರನ್ನು ಚಲನಚಿತ್ರ ನಿರ್ಮಾಪಕ ಚಾರ್ಲ್ಸ್ ಅರ್ಬನ್‌ನ ತಂಡ ಆರಂಭಕಾಲದ ಬಣ್ಣದ ಚಲನಚಿತ್ರ ತಂತ್ರವಾದ ಕಿನೆಮಾಕಲರ್‌ನಲ್ಲಿ ಸೆರೆಹಿಡಿದದ್ದು ಇಲ್ಲೇ.

ಕಂಬದ ಬುಡದಲ್ಲಿ ನಿಂತು ಪಾರ್ಕಿನ ಅಂಚಿನತ್ತ ಕಣ್ಣು ಹಾಯಿಸಿ. ಅಲ್ಲಿ ನಡೆದಾಡುವವರ ಮುಖ ಬರಿಗಣ್ಣಿಗೇ ಗುರುತು ಸಿಗದು. ಜೂಮ್ ಇಲ್ಲದ, ಸ್ಟ್ಯಾಂಡಿನ ಮೇಲೆ ಕೂರಿಸಿ ಕೈಯಲ್ಲಿ ಹಿಡಿಕೆ ತಿರುಗಿಸುವ ಕ್ಯಾಮೆರಾಕ್ಕೆ ರಾಜರೆಲ್ಲ ಚುಕ್ಕೆಗಳಾಗಿದ್ದರೆ ಆಶ್ಚರ್ಯವೇನು?

ಬಣ್ಣದ ಕಷ್ಟ ಬೇರೆಯದೇ. ಫಿಲ್ಮು ಕಪ್ಪು-ಬಿಳುಪಿನದೇ, ಅದರ ಮುಂದೆ ಕೆಂಪು, ಹಸಿರು ಫಿಲ್ಟರುಗಳ ಚಕ್ರ ತಿರುಗುತ್ತಿತ್ತು. ಒಂದು ಫ್ರೇಮು ಕೆಂಪಿನದು, ಮುಂದಿನದು ಹಸಿರಿನದು. ಪ್ರದರ್ಶನದಲ್ಲೂ ಅಂಥದೇ ಚಕ್ರ. ಹಾಗಾಗಿ ಸೆಕೆಂಡಿಗೆ 16ರ ಬದಲು ಸುಮಾರು 32 ಫ್ರೇಮು ಬೇಕು. ಅಡಿಗೆ 16 ಫ್ರೇಮಿನ ಲೆಕ್ಕದಲ್ಲಿ 400 ಅಡಿ ಫಿಲ್ಮು 3 ನಿಮಿಷ 20 ಸೆಕೆಂಡಿಗೇ ಮುಗಿಯಿತು! ಫಿಲ್ಟರು ಬೆಳಕನ್ನೂ ನುಂಗುತ್ತದೆ. ಡಿಸೆಂಬರಿನ ದೆಹಲಿಯ ಬೆಳಗಿನ ಮಂಜು ಎಂಥದ್ದೆಂದು ಗೊತ್ತಿದ್ದವರಿಗೆ ನಡುಹಗಲ ಬಿಸಿಲಿನ ಬೆಲೆ ತಿಳಿಯುತ್ತದೆ. ನೀವೂ ಆ ಹೊತ್ತಿಗೇ ಹೋಗಿ.

ಕೆಂಪು ಫ್ರೇಮಿಗೂ ಹಸಿರು ಫ್ರೇಮಿಗೂ ನಡುವೆ ಕುದುರೆಯ ಕಾಲು ಸರಿದರೆ ಒಂದು ಬದಿಗೆ ಕೆಂಪಂಚು, ಇನ್ನೊಂದು ಬದಿಗೆ ಹಸಿರಂಚು. ಕದಲದೆ ಕೂತ ಸಭೆಗೆ ಒಗ್ಗುವ ತಂತ್ರ ಕವಾಯತಿಗೆ ಒಗ್ಗದು. ಈಗ ಉಳಿದಿರುವ ಎರಡೇ ರೀಲುಗಳಲ್ಲಿ ಒಂದು ಸೈನ್ಯದ ಕವಾಯತಿನದು ಎಂಬುದು ವಿಪರ್ಯಾಸ.

ಸುಮಾರು ಎರಡೂವರೆ ಗಂಟೆಯ ಬಣ್ಣದ ಪ್ರದರ್ಶನ ಲಂಡನ್ನಿನ ಸ್ಕಾಲಾ ಥಿಯೇಟರಿನಲ್ಲಿ ಶುರುವಾದದ್ದು 1912ರ ಫೆಬ್ರವರಿ 2ಕ್ಕೆ. ಅಷ್ಟರಲ್ಲಿ ಪ್ರತಿಸ್ಪರ್ಧಿಗಳ ಕಪ್ಪು-ಬಿಳುಪು ರೀಲುಗಳು ತೆರೆ ಕಂಡಾಗಿತ್ತು. ಬರೋಡಾದ ಸಯಾಜಿರಾವ್ ಗಾಯಕವಾಡರು ಚಕ್ರವರ್ತಿಗೆ ಬೆನ್ನು ತಿರುಗಿಸಿ ನಡೆದರೆಂಬ ಗುಲ್ಲಿನಲ್ಲಿ ಅಂಥ ರೀಲನ್ನೇ ಜನ ಕಣ್ಣರಳಿಸಿ ನೋಡಿದರು. ಬಣ್ಣಕ್ಕಿಂತ ವೇಗವೇ ಗೆದ್ದಿತು ಎನ್ನಬೇಕು.

ದರ್ಬಾರಿನ ಮಾರನೆಯ ದಿನ ಝರೋಕಾ ದರ್ಶನ, ಅಂದರೆ ದೊರೆ ಉಪ್ಪರಿಗೆಯಿಂದ ಕೆಳಗಿನ ಜನಕ್ಕೆ ಕಾಣಿಸಿಕೊಳ್ಳುವುದು, ನಡೆದದ್ದು ಕೆಂಪುಕೋಟೆಯ ಎಂಟು ಮೂಲೆಯ ಗೋಪುರವಾದ ಮುಸಮ್ಮನ್ ಬುರ್ಜಿನಲ್ಲಿ. ಸೋಮವಾರ ಕೋಟೆಗೆ ರಜೆ. ಬುರ್ಜು ಪೂರ್ವಕ್ಕೆ ಮುಖಮಾಡಿದೆ; ಮಧ್ಯಾಹ್ನ ಕಳೆದರೆ ಗೋಡೆಗೆ ನೆರಳು, ಕೆಳಗಿನ ಬಯಲಿಗೆ ಬಿಸಿಲು. ಕ್ಯಾಮೆರಾದವರಿಗೆ ಇದಕ್ಕಿಂತ ಕೆಟ್ಟ ಜೋಡಿ ಇಲ್ಲ. ಫೋಟೊ ಬೇಕಿದ್ದರೆ ಮಂಜು ಕರಗಿದ ಮೇಲೆ, ಹನ್ನೆರಡರೊಳಗೆ ಹೊರಗಿನಿಂದ ತೆಗೆದುಕೊಳ್ಳಿ.